ರಿಜಿಸ್ಟರಿನಲ್ಲಿ ಇಲ್ಲದ ಓದುಗರು

ಮಂಗಳೂರಿನ ಒಂದು ಓದುಗರ ಕೂಟದಲ್ಲಿ ಆಡಿದ ಮಾತುಗಳಿವು. ಬರಹಕ್ಕೆ ಇಳಿಸುವಾಗ ಅಲ್ಲಲ್ಲಿ ಕತ್ತರಿಸಿದ್ದೇನೆ, ಕೆಲವು ಕಡೆ ಎಳೆದಿದ್ದೇನೆ. ಕೊನೆಗೆ ಬಂದ ಪ್ರಶ್ನೆಗಳಲ್ಲಿ ಎರಡನ್ನು ಉಳಿಸಿಕೊಂಡಿದ್ದೇನೆ.

ಎಲ್ಲರಿಗೂ ನಮಸ್ಕಾರ. ಕೂಟದವರು ಫೋನ್ ಮಾಡಿ, "ಮೇಡಂ, ಮಲಯಾಳದಲ್ಲಿ ಬ್ಯಾನ್ ಆದ ಕ್ವಿಯರ್ ಪುಸ್ತಕಗಳ ಬಗ್ಗೆ ಒಂದು ಗಂಟೆ ಮಾತಾಡಿ" ಅಂದರು. ಹೂಂ ಅಂದುಬಿಟ್ಟೆ. ಆಮೇಲೆ ಕಪಾಟಿನ ಮುಂದೆ ಕೂತೆ. ಹೆಣ್ಣನ್ನು ಪ್ರೀತಿಸುವ ಹೆಣ್ಣು, ಗಂಡನ್ನು ಪ್ರೀತಿಸುವ ಗಂಡು, ಹುಟ್ಟಿದಾಗ ಬರೆಸಿದ ಲಿಂಗದೊಳಗೆ ಇರಲಾಗದವರು, ಇವರ ಬಗ್ಗೆ ಮಲಯಾಳದಲ್ಲಿ ಬಂದ ಪುಸ್ತಕಗಳನ್ನೆಲ್ಲ ಕೆಳಗಿಳಿಸಿದೆ. ನೆಲದ ತುಂಬ ಹರಡಿಕೊಂಡವು. ಅವುಗಳಲ್ಲಿ ಒಂದನ್ನೂ ಸರ್ಕಾರ ಮುಟ್ಟುಗೋಲು ಹಾಕಿಲ್ಲ. ಎಲ್ಲವೂ ಅಂಗಡಿಯಲ್ಲಿ ದುಡ್ಡು ಕೊಟ್ಟು ತಂದವೇ.

ಹಾಗಾದರೆ ಸೆನ್ಸಾರ್ ಇರಲಿಲ್ವಾ? ಇತ್ತು. ನಾನೇ ನೋಡಿದ್ದೇನೆ. ಅದು ಒಂದು ಟೇಬಲ್ಲಿನ ಹಿಂದೆ ಕೂತಿತ್ತು, ಕನ್ನಡಕ ಹಾಕಿಕೊಂಡಿತ್ತು, ನನ್ನನ್ನು ತುಂಬ ಪ್ರೀತಿಯಿಂದ ಮಾತಾಡಿಸುತ್ತಿತ್ತು.

ನಾನು ಕಾಸರಗೋಡು ಕಡೆಯವಳು. ಮನೆಯಲ್ಲಿ ಕನ್ನಡ, ಸ್ಕೂಲಿನಲ್ಲಿ ಕನ್ನಡ, ಬಸ್ಸಿನಲ್ಲಿ ಮಲಯಾಳ. ಮಲಯಾಳ ಓದಲು ಕಲಿತದ್ದು ಊರಿನ ಲೈಬ್ರರಿಯಲ್ಲಿ. ಕೇರಳದ ಊರೂರಿನ ಲೈಬ್ರರಿಗಳ ಬಗ್ಗೆ ನೀವು ಕೇಳಿರುತ್ತೀರಿ. ಪಿ.ಎನ್. ಪಣಿಕ್ಕರ್ 1945ರಲ್ಲಿ ಕಟ್ಟಿದ ಗ್ರಂಥಾಲಯ ಸಂಘದಿಂದ ಬೆಳೆದ ಜಾಲ ಅದು. ಅವರು ತೀರಿಕೊಂಡ ಜೂನ್ 19ನ್ನು ಈಗಲೂ ಓದಿನ ದಿನ ಅಂತ ಆಚರಿಸುತ್ತಾರೆ. ನಮ್ಮೂರಿನದು ಒಂದೇ ಕೋಣೆ. ಸಂಜೆ ಐದಕ್ಕೆ ಬಾಗಿಲು ತೆಗೆಯುತ್ತಿತ್ತು. ರಿಟೈರ್ ಆದ ಮೇಷ್ಟ್ರೊಬ್ಬರು ನೋಡಿಕೊಳ್ಳುತ್ತಿದ್ದರು. ಎಲ್ಲರೂ ಅವರನ್ನು ಮಾಷ್ ಅನ್ನುತ್ತಿದ್ದರು.

1990ರ ಮಳೆಗಾಲ. ನನಗೆ ಹದಿನಾರು. ಮಾಧವಿಕುಟ್ಟಿಯ, ಅಂದರೆ ಇಂಗ್ಲಿಷಿನಲ್ಲಿ ಕಮಲಾ ದಾಸ್ ಅಂತ ಬರೆಯುತ್ತಿದ್ದವರ, 'ಚಂದನಮರಂಗಳ್' ಅನ್ನುವ ತೆಳು ಪುಸ್ತಕ ಹಿಡಿದುಕೊಂಡು ಮಾಷ್ ಮುಂದೆ ನಿಂತೆ. ಗಂಧದ ಮರಗಳು ಅಂತ ಅರ್ಥ. ಹೆಸರು ಚಂದ ಕಂಡಿತು, ಅಷ್ಟೇ. ಮಾಷ್ ಕವರ್ ನೋಡಿದರು. ನನ್ನ ಮುಖ ನೋಡಿದರು. "ಇದು ಮೋಳಿಗೆ ಬೇಡ" ಅಂದರು. ಮೋಳ್ ಅಂದರೆ ಮಗಳು. ಸಿಟ್ಟಿಲ್ಲ, ಗದರಿಕೆ ಇಲ್ಲ. ಆಮೇಲೆ ಉದ್ದ ರಿಜಿಸ್ಟರಿನ ಮೇಲೆ ಬೆರಳಿಟ್ಟು, "ಅಪ್ಪನ ಮೆಂಬರ್‌ಶಿಪ್ಪು ಅಲ್ವಾ? ಅಪ್ಪನ ಹೆಸರಿನ ಮುಂದೆ ಬರೀಬೇಕಾಗುತ್ತೆ ನೋಡು" ಅಂದರು.

ಅಷ್ಟೇ ಸಾಕಾಯಿತು. ಪುಸ್ತಕ ವಾಪಸ್ ಇಟ್ಟೆ.

ಆದರೆ ಬೇಡ ಅಂದಮೇಲೆ ಬಿಡೋದುಂಟಾ? ಮುಂದಿನ ನಾಲ್ಕು ಸಂಜೆ ಕಪಾಟಿನ ಸಂದಿಯಲ್ಲಿ ನಿಂತುಕೊಂಡೇ ಓದಿ ಮುಗಿಸಿದೆ. ಮಾಷ್‌ಗೆ ಗೊತ್ತಿತ್ತು ಅಂತ ಈಗ ಅನ್ನಿಸುತ್ತದೆ. ಒಂದು ವಿಷಯ ಮಾತ್ರ ಆಗಲೇ ಕಣ್ಣಿಗೆ ಬಿತ್ತು. ಪುಸ್ತಕದ ಹಿಂದೆ ಅಂಟಿಸಿದ ಚೀಟಿಯಲ್ಲಿ ಎರಡೇ ತಾರೀಕಿನ ಸೀಲು. ಅಂದರೆ ಲೆಕ್ಕಕ್ಕೆ ಅದನ್ನು ಮನೆಗೆ ಒಯ್ದವರು ಇಬ್ಬರೇ. ಆದರೆ ಪುಸ್ತಕದ ಬೆನ್ನು ಮುರಿದಿತ್ತು. ಹಾಳೆಯ ಮೂಲೆಗಳು ಮಡಚಿ ಮಡಚಿ ಹತ್ತಿಯಂತೆ ಮೆತ್ತಗಾಗಿದ್ದವು. ಒಂದು ಕಡೆ ಪುಸ್ತಕ ತಾನಾಗಿ ಬಿಚ್ಚಿಕೊಳ್ಳುತ್ತಿತ್ತು. ಇಬ್ಬರು ಹುಡುಗಿಯರು ಕೊಳದಲ್ಲಿ ಸ್ನಾನ ಮಾಡುವ ಜಾಗ ಅದು.

ನನಗಿಂತ ಮೊದಲು ಎಷ್ಟು ಜನ ಅದೇ ಸಂದಿಯಲ್ಲಿ ನಿಂತಿದ್ದರೋ.

ಇವತ್ತು ನಾನು ಹೇಳಬೇಕಾದದ್ದೆಲ್ಲ ಆ ಚೀಟಿಗೂ ಆ ಮೆತ್ತನೆಯ ಹಾಳೆಗೂ ನಡುವೆ ಇದೆ. ಮಲಯಾಳ ಈ ಪುಸ್ತಕಗಳನ್ನು ಸುಡಲಿಲ್ಲ. ಅಚ್ಚು ಹಾಕಿತು, ಮಾರಿತು, ಓದಿತು. ಓದಿಲ್ಲ ಅಂತ ಹೇಳಿತು. ಓದಿದ್ದೇನೆ ಅಂತ ಒಪ್ಪಿಕೊಂಡವರೂ ಅದರಲ್ಲಿ ಇದ್ದದ್ದನ್ನು ಬಿಟ್ಟು ಬೇರೇನನ್ನೋ ಓದಿದೆ ಅಂದರು.

ಮೊದಲು ಆ ಪುಸ್ತಕವನ್ನೇ ನೋಡೋಣ. 1988ರದ್ದು. ಕಥೆ ಹೇಳುವವಳು ಶೀಲಾ, ಡಾಕ್ಟರ್, ಒಳ್ಳೆ ಮನೆತನದವಳು. ಅವಳ ಬಾಲ್ಯದ ಗೆಳತಿ ಕಲ್ಯಾಣಿಕುಟ್ಟಿ, ಬಡವರ ಮನೆ ಹುಡುಗಿ, ಓದಿ ಅವಳೂ ಡಾಕ್ಟರ್ ಆಗುತ್ತಾಳೆ. ಚಿಕ್ಕಂದಿನಲ್ಲಿ ಕೊಳದ ನೀರಿನಲ್ಲಿ ಶುರುವಾದದ್ದು ಇಬ್ಬರನ್ನೂ ಬಿಡುವುದಿಲ್ಲ. ಶೀಲಾಳನ್ನು ವಯಸ್ಸಿನಲ್ಲಿ ತುಂಬ ದೊಡ್ಡವನಿಗೆ ಕೊಟ್ಟು ಮದುವೆ ಮಾಡುತ್ತಾರೆ. ಕಲ್ಯಾಣಿಕುಟ್ಟಿ ಆಸ್ಟ್ರೇಲಿಯಾಕ್ಕೆ ಹೋಗಿ ವರ್ಷಗಟ್ಟಲೆ ಆದಮೇಲೆ ತಿರುಗಿ ಬರುತ್ತಾಳೆ. ಗಂಡನಿಗೆ ಎಲ್ಲ ಗೊತ್ತಿತ್ತು ಅನ್ನುವುದು ಕೊನೆಕೊನೆಗೆ ಬಿಚ್ಚಿಕೊಳ್ಳುತ್ತದೆ. ನಮ್ಮ ಕನ್ನಡದಲ್ಲಿ ಮೆಟ್ಟಿಲು ಕಟ್ಟಿದ ಕೊಳಕ್ಕೇ ಕಲ್ಯಾಣಿ ಅನ್ನುತ್ತೇವೆ ಅಲ್ವಾ? ಮಾಧವಿಕುಟ್ಟಿ ಅದನ್ನು ಯೋಚಿಸಿರಲಾರರು. ಆದರೆ ಕನ್ನಡದ ಕಿವಿಯಿಂದ ಮಲಯಾಳ ಓದುವ ನನಗೆ ಆ ಹೆಸರು ಬಂದಾಗಲೆಲ್ಲ ನೀರಿನ ಸದ್ದು ಕೇಳುತ್ತದೆ.

ಈ ಪ್ರೇಮಕ್ಕಾಗಿ ಇಬ್ಬರಲ್ಲಿ ಯಾರೂ ಸಾಯುವುದಿಲ್ಲ. ಯಾರಿಗೂ ರೋಗ ಅಂತ ಹೇಳುವುದಿಲ್ಲ. ಆ ಕಾಲಕ್ಕೆ ಇದು ಸಣ್ಣ ವಿಷಯವಾಗಿರಲಿಲ್ಲ. ಆದರೂ ಯಾರನ್ನೇ ಕೇಳಿ, ಮಾಧವಿಕುಟ್ಟಿ ಅಂದಕೂಡಲೇ 'ಎಂಟೆ ಕಥ' ಅನ್ನುತ್ತಾರೆ, ಅವರ ಆತ್ಮಕಥೆ. 'ಮಲಯಾಳನಾಡು' ವಾರಪತ್ರಿಕೆಯಲ್ಲಿ ಧಾರಾವಾಹಿಯಾಗಿ ಬಂದು 1973ರಲ್ಲಿ ಪುಸ್ತಕವಾಯಿತು. ನಿಲ್ಲಿಸಿ ಅಂತ ನೆಂಟರಿಂದಲೇ ಒತ್ತಡ ಬಂತು. ಅವರ ತಂದೆ ವಿ.ಎಂ. ನಾಯರ್ 'ಮಾತೃಭೂಮಿ'ಯಲ್ಲಿ ದೊಡ್ಡ ಹುದ್ದೆಯಲ್ಲಿದ್ದವರು, ತಾಯಿ ಬಾಲಾಮಣಿಯಮ್ಮ ಹೆಸರಾಂತ ಕವಿ. ಅಂಥ ಮನೆ. ಮಾಧವಿಕುಟ್ಟಿ ನಿಲ್ಲಿಸಲಿಲ್ಲ. ಹದಿನೈದು ದಿನದಲ್ಲಿ ಪತ್ರಿಕೆಯ ಮಾರಾಟ ಐವತ್ತು ಸಾವಿರ ಪ್ರತಿ ಏರಿತು ಅಂತ ಅದರ ಸಂಪಾದಕ ವಿ.ಬಿ.ಸಿ. ನಾಯರ್ ಆಮೇಲೆ ಹೇಳಿಕೊಂಡಿದ್ದಾರೆ. ನೋಡಿ, ಒಂದು ಕಡೆ ಛೀ ಛೀ, ಇನ್ನೊಂದು ಕಡೆ ಐವತ್ತು ಸಾವಿರ.

ತಮಾಷೆ ಏನೆಂದರೆ, ಆ ಆತ್ಮಕಥೆಯ ಗಂಡಸರ ಲೆಕ್ಕವನ್ನು ಕೇರಳ ಬೆರಳು ಮಡಚಿ ಎಣಿಸಿತು. ಅದರ ಇಂಗ್ಲಿಷ್ ರೂಪದಲ್ಲಿ ರೈಲು ಪ್ರಯಾಣದ ಒಂದು ಪ್ರಸಂಗ ಇದೆ. ವಯಸ್ಸಿನಲ್ಲಿ ದೊಡ್ಡವಳಾದ ಒಬ್ಬ ಕಾಲೇಜು ಹುಡುಗಿ, ಒಂದು ಮುತ್ತು. ಅದನ್ನು ಎಣಿಸಿದವರು ಕಡಿಮೆ. ಹೆಣ್ಣು ಹೆಣ್ಣಿಗೆ ಮುತ್ತಿಟ್ಟರೆ ಅದು ಹುಡುಗಾಟ. ಗಂಡಸು ಬಂದರೆ ಮಾತ್ರ ಹಗರಣ. ಆ ಮುತ್ತು ಯಾರ ಕತ್ತರಿಗೂ ಸಿಗದೆ ಪಾರಾದದ್ದು ಹೀಗೆ.

ಇನ್ನೂ ಹಿಂದಕ್ಕೆ ಹೋಗಬೇಕು. ಬಷೀರ್ ನಿಮಗೆಲ್ಲ ಗೊತ್ತು, ಕನ್ನಡಕ್ಕೆ ಅನುವಾದವಾಗಿ ನಮ್ಮವರೇ ಆಗಿಹೋಗಿದ್ದಾರೆ. ಬಷೀರ್ ಅಂದರೆ ಆಡು, ಮಾಂಗೋಸ್ಟಿನ್ ಮರ, ನಗು. 1947ರಲ್ಲಿ ಅವರು 'ಶಬ್ದಂಗಳ್' ಬರೆದರು. ಅದರಲ್ಲಿ ನಗು ಇಲ್ಲ. ನಾಲ್ಕು ದಾರಿ ಕೂಡುವಲ್ಲಿ ಕೂಸಾಗಿ ಬಿಟ್ಟುಹೋದವನೊಬ್ಬ ದೊಡ್ಡವನಾಗಿ ಸಿಪಾಯಿಯಾಗುತ್ತಾನೆ. ಯುದ್ಧ ಮುಗಿಸಿ ಬಂದು ತನ್ನ ಬದುಕನ್ನು ಒಬ್ಬ ಲೇಖಕನಿಗೆ ಹೇಳುತ್ತಾನೆ. ಹೆಣ್ಣು ಅಂತ ಅವನು ಆಸೆಪಟ್ಟದ್ದು ಹೆಣ್ಣಿನ ವೇಷದ ಗಂಡು. ಲೈಂಗಿಕ ರೋಗ, ಹಸಿವು, ರಕ್ತ, ಎಲ್ಲ ಇದೆ. ಅಶ್ಲೀಲ, ಕ್ರೂರ ಅಂತ ಆ ಕಾಲದಲ್ಲಿ ಅದರ ಮೇಲೆ ಮುಗಿಬಿದ್ದರು.

ಆಮೇಲೆ ಬಷೀರ್ ದೊಡ್ಡವರಾದರು. ದೊಡ್ಡವರಾದಮೇಲೆ ಅಶ್ಲೀಲ ಅನ್ನೋಕಾಗುತ್ತಾ? ಹಾಗಾಗಿ 'ಶಬ್ದಂಗಳ್' ಯುದ್ಧವಿರೋಧಿ ಕಾದಂಬರಿಯಾಯಿತು, ಅನಾಥನ ಕೂಗಾಯಿತು. ಅದೆಲ್ಲ ನಿಜವೇ. ಆದರೆ ಆ ಸೀರೆಯುಟ್ಟ ಗಂಡು? ಅವನು ಕೊಳೆತ ಸಮಾಜದ ಗುರುತಾಗಿ ಉಳಿದ. ಅವನಿಗೊಂದು ಮನಸ್ಸಿರಬಹುದು ಅಂತ ಕೇಳಿದವರು ಕಡಿಮೆ. ಬಷೀರರನ್ನು ನಾನು ಪೂಜೆ ಮಾಡುತ್ತೇನೆ, ಆದರೂ ಹೇಳಬೇಕು. ಕಾದಂಬರಿಯೂ ಆ ಪಾತ್ರವನ್ನು ಹೆಚ್ಚಾಗಿ ಸಿಪಾಯಿಯ ಹೇಸಿಗೆಯ ಕಣ್ಣಿನಿಂದಲೇ ತೋರಿಸುತ್ತದೆ. ಮಲಯಾಳದಲ್ಲಿ ಇಷ್ಟು ಮುಂಚೆ ಬಾಗಿಲು ತೆಗೆದವರು ಅವರು. ಒಳಗೆ ಬಂದವನಿಗೆ ಕುರ್ಚಿ ಕೊಡಲಿಲ್ಲ.

ಮುಂದಿನದು ವಿ.ಟಿ. ನಂದಕುಮಾರ್. 1974ರಲ್ಲಿ 'ರಂಡು ಪೆಣ್‌ಕುಟ್ಟಿಗಳ್' ಬಂತು, ಇಬ್ಬರು ಹುಡುಗಿಯರು. ಕೋಕಿಲಾ ಮತ್ತು ಗಿರಿಜಾ. ಇಬ್ಬರ ಪ್ರೇಮವೇ ಕಾದಂಬರಿಯ ನಡುವೆ ಇದೆ, ಮೂಲೆಯಲ್ಲಿ ಅಲ್ಲ. ಹೇಗೆ ಸಾಧ್ಯವಾಯಿತು? ನಂದಕುಮಾರ್ ಜನಪ್ರಿಯ ಲೇಖಕ, ಅದು ಬಸ್ಸಿನಲ್ಲಿ ಓದುವ ಸಾಹಿತ್ಯ ಅಂತ ಪಂಡಿತರು ಪಕ್ಕಕ್ಕಿಟ್ಟರು. ಮಲಯಾಳದಲ್ಲಿ ಇಂಥದ್ದಕ್ಕೆಲ್ಲ ಒಂದೇ ಬೈಗುಳ, ಪೈಂಕಿಳಿ. ಮುಟ್ಟತ್ತು ವರ್ಕಿಯ ಒಂದು ಕಾದಂಬರಿಯ ಹೆಸರಿನಿಂದ ಬಂದ ಮಾತು, ಅಳು-ಪ್ರೇಮದ ಅಗ್ಗದ ಸಾಹಿತ್ಯ ಅಂತ. ನನ್ನ ಅನುಮಾನ ಏನೆಂದರೆ, ಪಂಡಿತರು ಮೂಸಿ ನೋಡದೆ ಇದ್ದದ್ದೇ ಅನುಕೂಲವಾಯಿತು. ಕಾವಲುಗಾರರೆಲ್ಲ ದೊಡ್ಡ ಬಾಗಿಲಿನಲ್ಲಿ ನಿಂತಿದ್ದರು, ಹುಡುಗಿಯರು ಹಿತ್ತಿಲ ಬಾಗಿಲಿಂದ ಬಂದರು.

1978ರಲ್ಲಿ ಮೋಹನ್ ಅದನ್ನು ಸಿನಿಮಾ ಮಾಡಿದರು. ಅಲ್ಲಿ ಎಲ್ಲ ಕೊನೆಗೆ ಮದುವೆಯ ದಾರಿಗೇ ಬಂದು ನಿಲ್ಲುತ್ತದೆ. ಇದೊಂದು ವಯಸ್ಸಿನ ಹುಚ್ಚು, ಗಂಡ ಬಂದರೆ ಸರಿಹೋಗುತ್ತದೆ ಅನ್ನುವ ಹಾಗೆ. ನಮ್ಮ ಕಡೆ ಅಜ್ಜಿಯಂದಿರೂ ಅದನ್ನೇ ಹೇಳುತ್ತಿದ್ದರು, ಅಲ್ವಾ?

ಮದುವೆ ಬೇಡವಾದರೆ ಸಾವು. 1986ರಲ್ಲಿ ಪದ್ಮರಾಜನ್ 'ದೇಶಾಡನಕ್ಕಿಳಿ ಕರಯಾರಿಲ್ಲ' ಮಾಡಿದರು. ವಲಸೆ ಹಕ್ಕಿ ಅಳುವುದಿಲ್ಲ ಅಂತ ಹೆಸರು. ನಿಮ್ಮಿ, ಸಾಲಿ ಅನ್ನುವ ಇಬ್ಬರು ಸ್ಕೂಲ್ ಹುಡುಗಿಯರು ಪ್ರವಾಸದ ಗುಂಪಿನಿಂದ ತಪ್ಪಿಸಿಕೊಂಡು ಓಡಿಹೋಗುತ್ತಾರೆ. ಸಾಲಿ ಕೂದಲು ಕತ್ತರಿಸಿಕೊಳ್ಳುತ್ತಾಳೆ. ನಿಮ್ಮಿಗೆ ಒಬ್ಬ ಗಂಡಸು ಇಷ್ಟವಾದಾಗ ಸಾಲಿಯ ಮುಖ ನೋಡಬೇಕು ನೀವು. ಕೊನೆಗೆ ಇಬ್ಬರೂ ಸಾಯುತ್ತಾರೆ.

ಇದನ್ನು ನಾನು ಅಮ್ಮನ ಜೊತೆ ಟಿವಿಯಲ್ಲಿ ನೋಡಿದೆ. ಮುಗಿದಮೇಲೆ ಅಮ್ಮ ಸೆರಗಿನಿಂದ ಕಣ್ಣೊರೆಸಿಕೊಂಡು, "ಪಾಪ ಮಕ್ಕಳು. ಎಂಥ ಗೆಳೆತನ" ಅಂದರು. ನನಗೆ ಮಾತೇ ಹೊರಡಲಿಲ್ಲ. ಅಮ್ಮ ಸುಳ್ಳು ಹೇಳುತ್ತಿರಲಿಲ್ಲ. ಅವರಿಗೆ ನಿಜವಾಗಲೂ ಅದು ಗೆಳೆತನವಾಗಿಯೇ ಕಂಡಿತು, ಅದಕ್ಕೇ ಅತ್ತರು. ಪ್ರೇಮ ಅಂತ ಗೊತ್ತಾಗಿದ್ದರೆ ಅಳುತ್ತಿದ್ದರೋ ಇಲ್ಲವೋ. ಸಿನಿಮಾ ಬಂದ ಕಾಲದಲ್ಲಿ ಹೆಚ್ಚಿನ ಮಲಯಾಳಿಗಳೂ ನಮ್ಮ ಅಮ್ಮನ ಹಾಗೆಯೇ ನೋಡಿದ್ದು. ಹಠಮಾರಿ ಹುಡುಗಿಯರು, ಪ್ರೀತಿ ಕೊಡದ ಮನೆ, ಬಿಗಿ ಟೀಚರ್. ಅದರಲ್ಲಿ ಬೇರೆ ಪ್ರೇಮ ಇದೆ ಅಂತ ಗಟ್ಟಿಯಾಗಿ ಹೇಳುವ ಓದು ಬರಲು ವರ್ಷಗಳೇ ಹಿಡಿದವು.

ಪರದೆಯ ಹೊರಗೂ ಇದೇ ಕಥೆ. ಪೇಪರಿನಲ್ಲಿ ಆಗಾಗ ಸುದ್ದಿ ಬರುತ್ತಿತ್ತು. ಇಬ್ಬರು 'ಕೂಟ್ಟುಕಾರಿಗಳು', ಅಂದರೆ ಗೆಳತಿಯರು, ಒಟ್ಟಿಗೆ ಜೀವ ಬಿಟ್ಟರು ಅಂತ. ಕಾರಣ ನಿಗೂಢ. ಒಬ್ಬಳ ಮದುವೆ ಗೊತ್ತಾಗಿತ್ತು ಅಂತ ಕೊನೆಯ ಸಾಲಿನಲ್ಲಿ. 2000ದ ನಂತರ 'ಸಹಯಾತ್ರಿಕ' ಅನ್ನುವ ಸಂಘಟನೆ ಕೇರಳದಲ್ಲಿ ಹುಟ್ಟಿದ್ದೇ ಇಂಥ ಸುದ್ದಿಗಳನ್ನು ಜೋಡಿಸಿ ಓದುವ ಕೆಲಸದ ಜೊತೆಗೆ. ಒಂದೊಂದಾಗಿ ಓದಿದರೆ ನಿಗೂಢ. ಪಕ್ಕಪಕ್ಕ ಇಟ್ಟರೆ ಏನು ನಿಗೂಢ ಉಳಿಯುತ್ತದೆ? 2004ರಲ್ಲಿ ಲಿಜಿ ಪುಲ್ಲಪ್ಪಳ್ಳಿ 'ಸಂಚಾರಂ' ಮಾಡಿದರು. ಅದರ ಹಿಂದೆಯೂ ಇಂಥದೇ ಒಂದು ನಿಜವಾದ ಸಾವು ಇತ್ತು. ಅವರು ಮಾತ್ರ ತಮ್ಮ ಹುಡುಗಿಯನ್ನು ಸಾಯಲು ಬಿಡಲಿಲ್ಲ. ಮಲಯಾಳಕ್ಕೆ ಇಷ್ಟಾಗಲು ಪದ್ಮರಾಜನ್ನರ ಸಿನಿಮಾದಿಂದ ಹದಿನೆಂಟು ವರ್ಷ ಬೇಕಾಯಿತು.

ಈಗ ಸರ್ಕಾರಿ ಕತ್ತರಿಗೆ ಬರುತ್ತೇನೆ. ಸಿನಿಮಾಕ್ಕೂ ಪುಸ್ತಕಕ್ಕೂ ಒಂದು ದೊಡ್ಡ ವ್ಯತ್ಯಾಸ ಇದೆ. ಪುಸ್ತಕ ಮೊದಲು ಹೊರಗೆ ಬರುತ್ತದೆ, ಆಮೇಲೆ ಬೇಕಾದರೆ ಕೇಸು. ಸಿನಿಮಾ ಹಾಗಲ್ಲ. 1952ರ ಸಿನಿಮಾಟೋಗ್ರಾಫ್ ಕಾಯ್ದೆ ಪ್ರಕಾರ ಸರ್ಟಿಫಿಕೇಟ್ ಇಲ್ಲದೆ ಥಿಯೇಟರಿಗೆ ಕಾಲಿಡುವ ಹಾಗಿಲ್ಲ. ಅದಕ್ಕೇ ಸೆನ್ಸಾರ್ ಕಣ್ಣಿಗೆ ಕಾಣುವುದು ಸಿನಿಮಾದಲ್ಲಿ. ಜಯನ್ ಚೆರಿಯನ್ ಅವರ 'ಕ ಬಾಡಿಸ್ಕೇಪ್ಸ್' ನೋಡಿ. ಕೋಝಿಕ್ಕೋಡ್ ಊರು. ಹ್ಯಾರಿಸ್ ಅನ್ನುವ ಚಿತ್ರ ಬರೆಯುವವನು, ವಿಷ್ಣು ಅನ್ನುವ ಕಬಡ್ಡಿ ಆಟಗಾರ, ಇಬ್ಬರ ಪ್ರೇಮ. 2016ರಲ್ಲಿ ಮಂಡಳಿ ಸರ್ಟಿಫಿಕೇಟ್ ಕೊಡಲಿಲ್ಲ. ಸಲಿಂಗ ಪ್ರೇಮವನ್ನು ವೈಭವೀಕರಿಸುತ್ತದೆ, ಹಿಂದೂ ಧರ್ಮಕ್ಕೆ ಅವಮಾನ, ಹನುಮಂತನನ್ನು ತೋರಿಸಿದ ರೀತಿ ಸರಿಯಿಲ್ಲ, ಗೋಡೆಯ ಪೋಸ್ಟರುಗಳೂ ಸರಿಯಿಲ್ಲ. ಜಗಳ ಹೈಕೋರ್ಟಿಗೆ ಹೋಯಿತು. ಆ ಡಿಸೆಂಬರಿನಲ್ಲಿ ತಿರುವನಂತಪುರದ ಚಿತ್ರೋತ್ಸವದಲ್ಲಿ ಸಿನಿಮಾ ಕಂಡದ್ದು ಕೋರ್ಟಿನ ಅನುಮತಿಯ ಮೇಲೆ.

ಆದರೆ ಒಂದು ಗಮನಿಸಿ. ಬರೀ ಪ್ರೇಮ ಇದ್ದಿದ್ದರೆ ಇಷ್ಟು ಗಲಾಟೆ ಆಗುತ್ತಿತ್ತಾ? ಒಬ್ಬನ ಹೆಸರು ಹ್ಯಾರಿಸ್, ಇನ್ನೊಬ್ಬನದು ವಿಷ್ಣು. ಪಕ್ಕದಲ್ಲಿ ಹನುಮಂತ. ಕೇರಳದಲ್ಲಿ ದೇಹದ ಸೆನ್ಸಾರ್ ಒಂಟಿಯಾಗಿ ಬರುವುದು ಕಡಿಮೆ. ಧರ್ಮದ ಕೈ ಹಿಡಿದುಕೊಂಡು ಬರುತ್ತದೆ.

ಪುಸ್ತಕಕ್ಕೆ ಈ ಕೈ ಹೇಗೆ ಬೀಳುತ್ತದೆ ಅಂತ ತೋರಿಸಲು ಕ್ವಿಯರ್ ಅಲ್ಲದ ಒಂದು ಉದಾಹರಣೆ ಬೇಕು. ಎಸ್. ಹರೀಶ್ ಅವರ 'ಮೀಶ' ಅನ್ನುವ ಕಾದಂಬರಿ, ಮೀಸೆ ಅಂತ ಅರ್ಥ. 2018ರಲ್ಲಿ 'ಮಾತೃಭೂಮಿ' ವಾರಪತ್ರಿಕೆಯಲ್ಲಿ ಬರುತ್ತಿತ್ತು. ಗುಡಿಗೆ ಹೋಗುವ ಹೆಂಗಸರ ಬಗ್ಗೆ ಎರಡು ಪಾತ್ರಗಳು ಆಡುವ ಒಂದು ಮಾತನ್ನು ಹಿಡಿದುಕೊಂಡು ಗದ್ದಲ. ಮನೆಯವರಿಗೆ ಬೆದರಿಕೆ. ಮೂರು ಕಂತಿನ ನಂತರ ಲೇಖಕರೇ ಧಾರಾವಾಹಿ ನಿಲ್ಲಿಸಿದರು. ಸರ್ಕಾರ ನಿಲ್ಲಿಸಿರಲಿಲ್ಲ, ಸರ್ಕಾರ ಬೆಂಬಲವಾಗಿಯೇ ಇತ್ತು. ಆಮೇಲೆ ಡಿಸಿ ಬುಕ್ಸ್ ಪುಸ್ತಕ ಮಾಡಿತು. ನಿಷೇಧಿಸಿ ಅಂತ ಒಬ್ಬರು ಸುಪ್ರೀಂ ಕೋರ್ಟಿಗೆ ಹೋದರು. ಅರ್ಜಿ ವಜಾ ಆಯಿತು. ತೀರ್ಪಿನ ತಾರೀಕು ನೆನಪಿಡಿ, 2018ರ ಸೆಪ್ಟೆಂಬರ್ 5. ಮಾರನೇ ದಿನ ಏನಾಯಿತು? ಸೆಪ್ಟೆಂಬರ್ 6, ಸಲಿಂಗ ಸಂಬಂಧವನ್ನು ಅಪರಾಧ ಮಾಡಿದ್ದ ಸೆಕ್ಷನ್ 377ರ ತೀರ್ಪು. ಎರಡೂ ಪೀಠದಲ್ಲಿ ಅದೇ ಮುಖ್ಯ ನ್ಯಾಯಮೂರ್ತಿ, ದೀಪಕ್ ಮಿಶ್ರಾ. ಇಪ್ಪತ್ನಾಲ್ಕು ಗಂಟೆಯೊಳಗೆ ಒಂದು ಮಲಯಾಳ ಕಾದಂಬರಿಗೂ ಬಿಡುಗಡೆ, ದೇಶದ ತುಂಬ ಬಚ್ಚಿಟ್ಟುಕೊಂಡಿದ್ದ ಪ್ರೇಮಕ್ಕೂ ಬಿಡುಗಡೆ. ಅವತ್ತು ರಾತ್ರಿ ನಮ್ಮ ಮನೆಯಲ್ಲಿ ಪಾಯಸ ಮಾಡಿದೆ. ಯಾವುದಕ್ಕೆ ಅಂತ ಅಪ್ಪ ಕೇಳಲಿಲ್ಲ. ಎರಡು ಸಲ ಹಾಕಿಸಿಕೊಂಡರು.

ಮಾತಿನ ಬಗ್ಗೆ ಸ್ವಲ್ಪ ಹೇಳಬೇಕು. ಹೆಸರಿಲ್ಲದಿದ್ದರೆ ಓದುವುದು ಹೇಗೆ? ನಾವು ಸಲಿಂಗ ಅನ್ನುತ್ತೇವೆ, ಮಲಯಾಳದಲ್ಲಿ ಸ್ವವರ್ಗ. ಅವರಿಗೆ ವರ್ಗ ಅಂದರೆ ವರ್ಗಹೋರಾಟದ ವರ್ಗವೂ ಹೌದು. ಕೆಂಪು ಬಾವುಟದ ನಾಡಿನಲ್ಲಿ ಸ್ವವರ್ಗ ಪ್ರೇಮ ಅಂದರೆ ಪಕ್ಷದವರು ಮೊದಲೇ ಒಪ್ಪಬೇಕಿತ್ತು ಅಂತ ನನ್ನ ಗೆಳೆಯನೊಬ್ಬ ತಮಾಷೆ ಮಾಡುತ್ತಾನೆ. ಆದರೆ ಪೇಪರಿನವರಿಗೆ ಬಾಯಿಪಾಠವಾಗಿದ್ದ ಪದ 'ಪ್ರಕೃತಿವಿರುದ್ಧ'. ಮಕ್ಕಳ ಮೇಲೆ ಆದ ದೌರ್ಜನ್ಯಕ್ಕೂ ಅದೇ ಪದ, ಇಬ್ಬರು ದೊಡ್ಡವರ ಇಷ್ಟಕ್ಕೂ ಅದೇ ಪದ. ಬೀದಿಯಲ್ಲಿ ಇನ್ನೊಂದು. 2005ರಲ್ಲಿ 'ಚಾಂದುಪೊಟ್ಟ್' ಅನ್ನುವ ಸಿನಿಮಾ ಬಂತು. ಚಾಂದು ಅಂದರೆ ಹಣೆಗೆ ಇಡುವ ದ್ರವದ ಬೊಟ್ಟು. ಹೆಣ್ಣಿನ ಹಾಗೆ ನಡೆಯುವ ನಾಯಕ, ಜನ ಬಿದ್ದು ಬಿದ್ದು ನಕ್ಕರು. ಮಾರನೇ ದಿನದಿಂದ ಸ್ಕೂಲಿನಲ್ಲಿ ಮೆತ್ತಗೆ ಮಾತಾಡುವ ಹುಡುಗರಿಗೆಲ್ಲ ಅದೇ ಅಡ್ಡಹೆಸರು. ನಮ್ಮಲ್ಲಿ 'ಒಂಬತ್ತು' ಅನ್ನುವ ಹಾಗೆ. ಒಂದು ಸಂಖ್ಯೆ, ಒಂದು ಬೊಟ್ಟು. ಸಾಕು, ಮಗು ಸ್ಕೂಲು ಬಿಡುತ್ತದೆ.

2015ರಲ್ಲಿ ಕೇರಳ ಟ್ರಾನ್ಸ್‌ಜೆಂಡರ್ ನೀತಿ ತಂದಿತು, ದೇಶದಲ್ಲೇ ಮೊದಲ ರಾಜ್ಯ. 2022ರಲ್ಲಿ ಕೇರಳ ಭಾಷಾ ಇನ್ಸ್ಟಿಟ್ಯೂಟ್ ಆ ಪದಕ್ಕೆ ಮಲಯಾಳದ್ದೇ ಒಂದು ಮಾತು ಹುಡುಕಿ ಕಳಿಸಿ ಅಂತ ಜನರನ್ನು ಕೇಳಿತು. ನನಗೆ ಅದಕ್ಕಿಂತ ದೊಡ್ಡದು ಅನ್ನಿಸುವುದು ಒಂದು ಜೋಗುಳ. ಟ್ರಾನ್ಸ್ ಕವಿ ವಿಜಯರಾಜಮಲ್ಲಿಕ ಬರೆದದ್ದು. ಹುಟ್ಟಿದ ಮಗು ಗಂಡೂ ಅಲ್ಲ, ಹೆಣ್ಣೂ ಅಲ್ಲ. ತಾಯಿ ಅದನ್ನೇ ಹಾಡಿ ತೂಗುತ್ತಾಳೆ. ಬೈಗುಳವಾಗಿದ್ದ ಮಾತು ತೊಟ್ಟಿಲಿನ ಮಾತಾಯಿತು.

ಈಗ ಆತ್ಮಕಥೆಗಳು. ಕಥೆಗಾರರು ಇವರ ಬಗ್ಗೆ ಬರೆದದ್ದಾಯಿತು, ಇವರೇ ಬರೆಯಲು ಶುರು ಮಾಡಿದ್ದು 2000ದ ನಂತರ. 2004ರಲ್ಲಿ ರೇಷ್ಮಾ ಭಾರದ್ವಾಜ್ 'ಮಿಥ್ಯಗಳ್‌ಕ್ಕಪ್ಪುರಂ' ಅನ್ನುವ ಲೇಖನಗಳ ಸಂಗ್ರಹ ತಂದರು, ಕೇರಳದ ಸಲಿಂಗ ಪ್ರೇಮದ ಬಗ್ಗೆಯೇ. 2006ರಲ್ಲಿ ಜೆರೀನಾ ಅವರ 'ಒರು ಮಲಯಾಳಿ ಹಿಜಡಯುಡೆ ಆತ್ಮಕಥ' ಬಂತು. ಈ ಪುಸ್ತಕ ನಮಗೆ ಹತ್ತಿರದ್ದು. ಯಾಕೆಂದರೆ ಜೆರೀನಾ ಕೇರಳ ಬಿಟ್ಟು ಬಂದು ಸೇರಿದ್ದು ಬೆಂಗಳೂರಿನ ಹಿಜ್ರಾ ಸಮುದಾಯವನ್ನು. ಹೆಸರಿನಲ್ಲಿರುವ 'ಮಲಯಾಳಿ' ಅನ್ನುವ ಪದವನ್ನು ಒಂದು ಸಲ ನೋಡಿ. ಹಿಜ್ರಾಗಳು ಉತ್ತರದವರು, ತಮಿಳರು, ನಮ್ಮಲ್ಲಿ ಅಂಥವರಿಲ್ಲ ಅಂತ ಹೇಳಿಕೊಳ್ಳುತ್ತಿದ್ದ ನಾಡಿಗೆ, ಇದ್ದೇವೆ, ನೀವು ರೈಲು ಹತ್ತಿಸಿದಿರಿ ಅಂತ ಹೇಳುವ ಪದ ಅದು. ಐಲ್ಯಾಂಡ್ ಎಕ್ಸ್‌ಪ್ರೆಸ್ಸಿನಲ್ಲಿ ಬೆಂಗಳೂರಿಗೆ ಬರುವ ಮಲಯಾಳಿ ಹುಡುಗರು ಕೆಲಸಕ್ಕೆ ಮಾತ್ರ ಬರುತ್ತಿರಲಿಲ್ಲ. ತಮ್ಮ ಊರಿನಲ್ಲಿ ಆಗಲಾರದ್ದನ್ನು ಆಗಲು ಬರುತ್ತಿದ್ದರು. ಬೆಂಗಳೂರು ಅವರನ್ನು ಸುಖವಾಗಿ ಇಟ್ಟಿತು ಅಂತ ನಾನು ಹೇಳುವುದಿಲ್ಲ. ನಮ್ಮ ಪೊಲೀಸರೂ ನಮ್ಮ ರೌಡಿಗಳೂ ಏನು ಮಾಡುತ್ತಾರೆ ಅಂತ ನಿಮಗೆ ಗೊತ್ತು.

2017ರಲ್ಲಿ ಕಿಶೋರ್ ಕುಮಾರ್ ಅವರ ಪುಸ್ತಕ, 'ರಂಡು ಪುರುಷನ್ಮಾರ್ ಚುಂಬಿಕ್ಕುಂಬೋಳ್'. ಇಬ್ಬರು ಗಂಡಸರು ಮುತ್ತಿಡುವಾಗ. ಮಲಯಾಳಿ ಗೇ ಒಬ್ಬನ ಆತ್ಮಕಥೆ ಅಂತ ಕವರಿನ ಮೇಲೇ ಇದೆ. ಗಂಧದ ಮರ, ವಲಸೆ ಹಕ್ಕಿ ಎಲ್ಲ ಹೋಯಿತು. ನಮ್ಮ ಮಾಷ್ ಈ ಕವರ್ ನೋಡಿದ್ದರೆ ಏನನ್ನುತ್ತಿದ್ದರೋ ಅಂತ ಯೋಚಿಸಿ ನಕ್ಕಿದ್ದೇನೆ. ಇಂಥ ಪುಸ್ತಕವನ್ನು ಗೆಳೆತನ ಅಂತ ಓದಲು ಯಾರಿಂದಲೂ ಆಗುವುದಿಲ್ಲ.

ಕೊನೆಗೆ 'ಕಾದಲ್'. 2023ರ ನವೆಂಬರ್, ಜಿಯೋ ಬೇಬಿ ನಿರ್ದೇಶನ, ಮಮ್ಮೂಟಿ. ಬ್ಯಾಂಕ್ ಕೆಲಸದಿಂದ ರಿಟೈರ್ ಆದ ಮ್ಯಾಥ್ಯೂ ಪಂಚಾಯ್ತಿ ಉಪಚುನಾವಣೆಗೆ ನಿಲ್ಲುತ್ತಾನೆ. ಅದೇ ಹೊತ್ತಿಗೆ ಹೆಂಡತಿ ಓಮನ ಡಿವೋರ್ಸಿಗೆ ಅರ್ಜಿ ಹಾಕುತ್ತಾಳೆ. ಡ್ರೈವಿಂಗ್ ಸ್ಕೂಲಿನ ತಂಗನ್ ಜೊತೆ ಗಂಡನ ಸಂಬಂಧ ಅಂತ. ರಾಜ್ಯ ಪ್ರಶಸ್ತಿಯಲ್ಲಿ ಒಳ್ಳೆಯ ಚಿತ್ರ ಅಂತ ಆಯ್ಕೆಯಾಯಿತು. ಕತಾರ್, ಕುವೈತ್‌ನಲ್ಲಿ ತೆರೆ ಕಾಣಲಿಲ್ಲ. ಹಿಂದಿನ ವರ್ಷ ಮೋಹನ್‌ಲಾಲರ 'ಮಾನ್‌ಸ್ಟರ್'ಗೂ ಗಲ್ಫಿನಲ್ಲಿ ಹೀಗೇ ಆಗಿತ್ತು. ಮಲಯಾಳಿಗೆ ಗಲ್ಫು ಪರದೇಶವಲ್ಲ, ಹದಿನೈದನೇ ಜಿಲ್ಲೆ. ಅಲ್ಲಿನ ಥಿಯೇಟರ್ ದುಡ್ಡನ್ನು ಮೊದಲೇ ಲೆಕ್ಕ ಹಾಕುವ ನಿರ್ಮಾಪಕ ಕಥೆ ಕೇಳುವಾಗಲೇ ಕತ್ತರಿ ತೆಗೆಯುತ್ತಾನೆ. ತಿರುವನಂತಪುರದ ಕತ್ತರಿಗಿಂತ ದೋಹಾದ ಕತ್ತರಿ ಉದ್ದ.

ಸಿನಿಮಾ ಬಂದ ಕೆಲವೇ ದಿನಕ್ಕೆ ಕೋಝಿಕ್ಕೋಡಿನ ಒಂದು ಕಾಲೇಜು ಜಿಯೋ ಬೇಬಿಯವರನ್ನು ಮಾತಿಗೆ ಕರೆದು, ಅವರು ಹೊರಟಮೇಲೆ ಕಾರ್ಯಕ್ರಮ ರದ್ದು ಮಾಡಿತು. ಅವರ ಮಾತುಗಳು ಕಾಲೇಜಿನ ನೈತಿಕ ಮೌಲ್ಯಕ್ಕೆ ಹೊಂದುವುದಿಲ್ಲ ಅಂತ ವಿದ್ಯಾರ್ಥಿ ಸಂಘದ ಹೆಸರಿನಲ್ಲಿ ಪತ್ರ. ನನಗೆ ಮಾಷ್ ನೆನಪಾದರು. ಅವರಾದರೂ ಎದುರಿಗೆ ಕೂತು, ಮೋಳೇ ಅಂತ ಕರೆದು ಹೇಳಿದ್ದರು.

'ಕಾದಲ್' ನನಗೆ ಪೂರ್ತಿ ಒಪ್ಪಿಗೆ ಇಲ್ಲ, ಅದನ್ನೂ ಹೇಳಿಬಿಡುತ್ತೇನೆ. ಇಬ್ಬರು ಗಂಡಸರ ಪ್ರೇಮದ ಕಥೆಯಲ್ಲಿ ಅವರು ಒಬ್ಬರನ್ನೊಬ್ಬರು ಮುಟ್ಟುವುದೇ ಇಲ್ಲ ಅನ್ನಬೇಕು. ಮನೆಮಂದಿಯೆಲ್ಲ ಕೂತು ನೋಡಲಿ ಅಂತ ಅಷ್ಟು ದೂರ ಇಟ್ಟಿದ್ದಾರೆ. ಆ ಲೆಕ್ಕ ಸರಿಯೇ ಇರಬಹುದು. ನನ್ನ ಅಮ್ಮ ಅದನ್ನು ನೋಡಿದರು, ಎಂಬತ್ತರ ಹತ್ತಿರದಲ್ಲಿ. ಈ ಸಲ ಗೆಳೆತನ ಅನ್ನಲಿಲ್ಲ. ಸ್ವಲ್ಪ ಹೊತ್ತು ಸುಮ್ಮನಿದ್ದು, "ಆ ಹೆಂಗಸಿನ ಇಪ್ಪತ್ತು ವರ್ಷ ಹೋಯ್ತಲ್ಲ" ಅಂದರು. ಆಮೇಲೆ, "ಅವನದ್ದೂ" ಅಂದರು.

ಪ್ರಶ್ನೆಗಳಿಗೆ ಬಂದಾಗ ಮುಂದಿನ ಸಾಲಿನಲ್ಲಿದ್ದ ಹುಡುಗಿಯೊಬ್ಬಳು ಕನ್ನಡದಲ್ಲಿ ಹೇಗೆ ಅಂತ ಕೇಳಿದಳು. ಉತ್ತರ ಚಿಕ್ಕದಾಗಿಯೇ ಕೊಟ್ಟೆ. ವಸುಧೇಂದ್ರ ಅವರ 'ಮೋಹನಸ್ವಾಮಿ' 2013ರಲ್ಲಿ ಬಂತು. ಅದನ್ನು ಅಚ್ಚು ಹಾಕಿದ ಛಂದ ಪುಸ್ತಕ ಅವರದ್ದೇ ಪ್ರಕಾಶನ. ಇನ್ನೊಬ್ಬರ ಟೇಬಲ್ಲಿನ ಮುಂದೆ ನಿಂತು, ಇದು ಬೇಡ ಅನ್ನಿಸಿಕೊಳ್ಳುವ ಪ್ರಮೇಯ ಬರಲಿಲ್ಲ. ಎಲ್ಲರಿಗೂ ಸ್ವಂತ ಪ್ರಕಾಶನ ಇರುವುದಿಲ್ಲ ಅನ್ನುವುದು ಬೇರೆ ಮಾತು.

ಹಿಂದಿನಿಂದ ಹಿರಿಯರೊಬ್ಬರು ಎದ್ದರು. "ಅಮ್ಮಾ, ದೊಡ್ಡವರು ಓದಲಿ, ಬೇಡ ಅನ್ನಲ್ಲ. ಆದರೆ ಚಿಕ್ಕ ಮಕ್ಕಳ ಕೈಗೆ ಇದೆಲ್ಲ ಬೇಕಾ?" ಅವರ ದನಿಯಲ್ಲಿ ಜಗಳ ಇರಲಿಲ್ಲ. ನನ್ನ ಮಾಷ್ ದನಿಯೇ. ನಾನು ಅವರಿಗೆ ಊರಿನ ಲೈಬ್ರರಿಗೆ ಕಳೆದ ಬೇಸಿಗೆಯಲ್ಲಿ ಹೋದದ್ದನ್ನು ಹೇಳಿದೆ.

ಈಗ ಅದು ಎರಡು ಕೋಣೆ. ಮಾಷ್ ತೀರಿಕೊಂಡು ಬಹಳ ವರ್ಷವಾಯಿತು, ಅವರ ಫೋಟೋ ಗಡಿಯಾರದ ಕೆಳಗೆ ಇದೆ. ಟೇಬಲ್ಲಿನ ಹಿಂದೆ ಇಪ್ಪತ್ತೈದರ ಹುಡುಗಿ. ಕಂಪ್ಯೂಟರ್ ಇದೆ, ಪಕ್ಕದಲ್ಲಿ ಅದೇ ಉದ್ದ ರಿಜಿಸ್ಟರೂ ಇದೆ. ನಾನು ಕಿಶೋರ್ ಕುಮಾರ್ ಪುಸ್ತಕ ಇದೆಯಾ ಅಂತ ಕೇಳಿದೆ. ಅವಳು ಒಂದು ಸಲ ನನ್ನ ನರೆಗೂದಲು ನೋಡಿ, ಡ್ರಾಯರಿನಿಂದ ಒಂದು ನೋಟ್‌ಬುಕ್ ತೆಗೆದಳು. ಕಳೆದುಹೋದ ಪುಸ್ತಕಗಳ ಲೆಕ್ಕ.

"ಇತ್ತು ಚೇಚಿ. ಯಾರೋ ಬರೆಸದೆ ಒಯ್ದಿದ್ದಾರೆ. ಇನ್ನೊಂದು ತರಿಸಿದೆವು, ಅದೂ ಹೋಯ್ತು."

ಕಮಿಟಿಯವರು ಬೈಯಲಿಲ್ವಾ ಅಂತ ಕೇಳಿದೆ.

"ಬೈದರು" ಅಂದಳು. "ಮೂರನೇದಕ್ಕೆ ಆರ್ಡರ್ ಹಾಕಿದ್ದೇನೆ. ಮುಂದಿನ ವಾರ ಬನ್ನಿ."